ವಾಸದ ಮನೆ, ಹಕ್ಕಿನ ಮನೆ: ತುಳುನಾಡಿನ ಅಳಿಯಸಂತಾನ ಕುಟುಂಬದ ದೈನಂದಿನ ಬದುಕು

ಕರ್ನಾಟಕದ ಕರಾವಳಿಯ ಸಾಮಾಜಿಕ ಚರಿತ್ರೆಯಲ್ಲಿ ಅಳಿಯಸಂತಾನ ಪದ್ಧತಿಯು ವಿಶೇಷ ಸ್ಥಾನವನ್ನು ಪಡೆದಿದೆ. ತಾಯಿಯ ಮೂಲಕ ವಂಶವನ್ನೂ ಆಸ್ತಿಯನ್ನೂ ಗುರುತಿಸುವ ಈ ಪದ್ಧತಿಯನ್ನು ತುಳುನಾಡಿನ ಬಂಟ, ಬಿಲ್ಲವ, ಮೊಗವೀರ ಮೊದಲಾದ ಸಮುದಾಯಗಳೂ ಜೈನರಲ್ಲಿ ಹಲವು ಮನೆತನಗಳೂ ಅನುಸರಿಸಿಕೊಂಡು ಬಂದವು. ಅದೇ ಪ್ರದೇಶದ ಬ್ರಾಹ್ಮಣರು ಮತ್ತು ಇತರ ಕೆಲವು ಸಮುದಾಯಗಳು ಮಕ್ಕಳಸಂತಾನವನ್ನು ಪಾಲಿಸಿದವು. ಒಂದೇ ಊರಿನ ನೆರೆಹೊರೆಯ ಮನೆಗಳಲ್ಲಿ ಎರಡು ಬಗೆಯ ವಾರಸಿಕೆ ಶತಮಾನಗಳ ಕಾಲ ಜೊತೆಜೊತೆಯಾಗಿ ನಡೆದುಬಂದುದು ಈ ನಾಡಿನ ವೈಶಿಷ್ಟ್ಯ.

ಅಳಿಯಸಂತಾನವನ್ನು ಕುರಿತು ಬಂದಿರುವ ಬರಹಗಳಲ್ಲಿ ಹೆಚ್ಚಿನವು ಎರಡು ಬಗೆಯವು. ಪದ್ಧತಿಯ ಮೂಲವನ್ನು ಶೋಧಿಸುವ ಬರಹಗಳು ಒಂದು ಬಗೆಯವು. ಅದನ್ನು ಆಸ್ತಿಯ ಕಾನೂನಾಗಿ ವಿವರಿಸುವ ನ್ಯಾಯಶಾಸ್ತ್ರದ ಬರಹಗಳು ಇನ್ನೊಂದು ಬಗೆಯವು. ಈ ಎರಡರ ನಡುವೆ ಮನೆಯೊಳಗಿನ ದಿನನಿತ್ಯದ ಬದುಕು ಹಿನ್ನೆಲೆಗೆ ಸರಿದಿದೆ. ಹೆಣ್ಣೊಬ್ಬಳು ಎಲ್ಲಿ ವಾಸಿಸುತ್ತಿದ್ದಳು, ಅವಳ ಹಕ್ಕು ಯಾವ ಮನೆಯಲ್ಲಿತ್ತು, ಈ ಎರಡು ಮನೆಗಳ ನಡುವಣ ಸಂಬಂಧವನ್ನು ಯಾವ ಆಚರಣೆಗಳು ಉಳಿಸಿಕೊಂಡು ಬಂದವು ಎಂಬ ಪ್ರಶ್ನೆಗಳನ್ನು ಪ್ರಸ್ತುತ ಲೇಖನದಲ್ಲಿ ಪರಿಶೀಲಿಸಲಾಗಿದೆ.

ಐತಿಹ್ಯ ಮತ್ತು ದಾಖಲೆ

ಅಳಿಯಸಂತಾನದ ಮೂಲವನ್ನು ಬಾರಕೂರಿನ ಭೂತಾಳಪಾಂಡ್ಯನ ಐತಿಹ್ಯಕ್ಕೆ ಜೋಡಿಸುವುದು ವಾಡಿಕೆ. ಕುಂಡೋದರನೆಂಬ ಭೂತವು ದೇವಪಾಂಡ್ಯನಲ್ಲಿ ಬಲಿ ಬೇಡುತ್ತದೆ. ಅರಸನ ಮಡದಿ ತನ್ನ ಮಗನನ್ನು ಕೊಡಲು ಒಪ್ಪುವುದಿಲ್ಲ. ತಂಗಿ ಸತ್ಯವತಿ ತನ್ನ ಮಗ ಜಯಪಾಂಡ್ಯನನ್ನು ಒಪ್ಪಿಸುತ್ತಾಳೆ. ಮೆಚ್ಚಿದ ಭೂತವು ಬಾಲಕನನ್ನು ಉಳಿಸಿ ಅವನಿಗೆ ಭೂತಾಳಪಾಂಡ್ಯನೆಂದು ಹೆಸರಿಡುತ್ತದೆ. ರಾಜ್ಯವು ಅಳಿಯನಿಗೆ ಸಲ್ಲುತ್ತದೆ. ಈ ಘಟನೆಯನ್ನು ಪರಂಪರೆಯು ಕ್ರಿ.ಶ. 77ಕ್ಕೆ ಕೊಂಡೊಯ್ಯುತ್ತದೆಯಾದರೂ ಅದನ್ನು ಸಮರ್ಥಿಸುವ ಶಾಸನಾಧಾರಗಳಿಲ್ಲ. ಆದುದರಿಂದ ಈ ಕಥೆಯನ್ನು ಪದ್ಧತಿಯ ಹುಟ್ಟಿನ ದಾಖಲೆಯೆಂದು ತಿಳಿಯುವುದಕ್ಕಿಂತ, ಆಗಲೇ ರೂಢಿಯಲ್ಲಿದ್ದ ಪದ್ಧತಿಗೆ ಸಮಾಜವು ಕೊಟ್ಟುಕೊಂಡ ಸಮರ್ಥನೆಯೆಂದು ತಿಳಿಯುವುದು ಯುಕ್ತ. ಕಥೆಯ ತಿರುಳು ಗಮನಾರ್ಹವಾದುದು. ಸಂಕಟದ ಹೊತ್ತಿನಲ್ಲಿ ಮಡದಿಗಿಂತ ಒಡಹುಟ್ಟಿದವಳೇ ಮನೆತನಕ್ಕೆ ಹತ್ತಿರದವಳು ಎಂಬ ಭಾವನೆಯನ್ನು ಅದು ಪ್ರತಿಪಾದಿಸುತ್ತದೆ.

ಅರಸುಮನೆತನಗಳ ಚರಿತ್ರೆಯಲ್ಲಿ ಇದಕ್ಕೆ ಪೋಷಕವಾದ ನಿದರ್ಶನಗಳಿವೆ. 13ನೆಯ ಶತಮಾನದ ಕೊನೆಯ ದಶಕಗಳಲ್ಲಿ ಆಳುಪ ರಾಣಿ ಬಲ್ಲಮಹಾದೇವಿ ಬಾರಕೂರಿನಿಂದ ಆಡಳಿತ ನಡೆಸಿದಳು. ಉಳ್ಳಾಲದ ಚೌಟರಲ್ಲಿ ಅಬ್ಬಕ್ಕನಿಗೆ ಪಟ್ಟವು ಸೋದರಮಾವ ತಿರುಮಲರಾಯ ಚೌಟನಿಂದ ಬಂದಿತೆಂಬುದು ಪ್ರಸಿದ್ಧ. ಆಕೆ ಬಂಗ ಅರಸನನ್ನು ವಿವಾಹವಾದರೂ ತನ್ನ ತಾಯಿಯ ಮನೆತನದ ನೆಲೆಯನ್ನು ಬಿಡಲಿಲ್ಲ. 1623ರಲ್ಲಿ ಈ ಪ್ರದೇಶಕ್ಕೆ ಬಂದ ಇಟಲಿಯ ಪ್ರವಾಸಿ ಪಿಯೆತ್ರೊ ದೆಲ್ಲ ವಲ್ಲೆ ಉಳ್ಳಾಲದ ರಾಣಿಯನ್ನು ಕಂಡ ಬಗೆಯನ್ನು ತನ್ನ ಪತ್ರಗಳಲ್ಲಿ ಬರೆದಿದ್ದಾನೆ. 1799ರಲ್ಲಿ ಕೆನರಾ ಪ್ರಾಂತವು ಈಸ್ಟ್ ಇಂಡಿಯಾ ಕಂಪನಿಯ ವಶವಾದ ಬಳಿಕ, 1801ರಲ್ಲಿ ಸಂಚರಿಸಿದ ಫ್ರಾನ್ಸಿಸ್ ಬುಕನನ್ ಇಲ್ಲಿನ ಸಮುದಾಯಗಳಲ್ಲಿ ಆಸ್ತಿಯು ಸೋದರಿಯ ಮಕ್ಕಳಿಗೆ ಸಲ್ಲುವುದನ್ನು ದಾಖಲಿಸಿದನು. ಅವನ ಪ್ರವಾಸಕಥನವು 1807ರಲ್ಲಿ ಪ್ರಕಟವಾಯಿತು.

ಬಳಿ, ಕುಟುಂಬ, ಕವರು

ಅಳಿಯಸಂತಾನ ಸಮಾಜದ ವ್ಯವಸ್ಥೆಯನ್ನು ಮೂರು ಪರಿಕಲ್ಪನೆಗಳ ಮೂಲಕ ಗ್ರಹಿಸಬಹುದು. ಮೊದಲನೆಯದು ಬಳಿ. ತುಳುವಿನಲ್ಲಿ ಇದನ್ನು ಬರಿ ಎಂದೂ ಕರೆಯುತ್ತಾರೆ. ಮಗುವಿನ ಬಳಿ ತಾಯಿಯದು. ಒಂದೇ ಬಳಿಯವರಲ್ಲಿ ಮದುವೆ ನಿಷಿದ್ಧ. ಎರಡನೆಯದು ಕುಟುಂಬ. ಒಬ್ಬ ಮೂಲಸ್ತ್ರೀಯ ಹೆಣ್ಣುಸಂತತಿಯಿಂದ ಬಂದ, ಸಮಾನ ಆಸ್ತಿಯುಳ್ಳ ಸ್ತ್ರೀಪುರುಷರ ಸಮೂಹವಿದು. ಮೂರನೆಯದು ಕವರು, ಅಂದರೆ ಕುಟುಂಬದೊಳಗೆ ಒಬ್ಬೊಬ್ಬ ಸ್ತ್ರೀಯಿಂದ ಕವಲೊಡೆದ ಶಾಖೆ.

ಕುಟುಂಬದ ಆಡಳಿತ ಹಿರಿಯ ಸದಸ್ಯರದು. ಹಿರಿಯನು ಗಂಡಾದರೆ ಯಜಮಾನ, ಹೆಣ್ಣಾದರೆ ಯಜಮಾನ್ತಿ. ಪ್ರತಿಷ್ಠಿತ ಗುತ್ತುಮನೆಗಳಲ್ಲಿ ಯಜಮಾನಿಕೆಯನ್ನು ವಹಿಸಿಕೊಳ್ಳುವುದಕ್ಕೆ ಗಡಿ ಹಿಡಿಯುವುದೆಂದು ಹೆಸರು. ಅದು ದೈವದ ಸನ್ನಿಧಿಯಲ್ಲಿ, ಊರವರ ಸಮಕ್ಷಮದಲ್ಲಿ ನಡೆಯುವ ವಿಧಿ. ಆಸ್ತಿ ಹೆಣ್ಣಿನ ಮೂಲಕ ಹರಿದರೂ ಅದರ ನಿರ್ವಹಣೆ ಬಹುಮಟ್ಟಿಗೆ ಸೋದರಮಾವಂದಿರ ಕೈಯಲ್ಲಿತ್ತು. ಮಾತೃವಂಶೀಯತೆಯನ್ನು ಸ್ತ್ರೀಪ್ರಭುತ್ವವೆಂದು ಭಾವಿಸುವವರು ಈ ವ್ಯತ್ಯಾಸವನ್ನು ಲಕ್ಷಿಸಬೇಕಾಗುತ್ತದೆ. ಹೆಣ್ಣಿಗೆ ಇದ್ದುದು ಆಳುವ ಅಧಿಕಾರಕ್ಕಿಂತ ಹೆಚ್ಚಾಗಿ ಯಾರೂ ಕಸಿಯಲಾರದ ನೆಲೆ. ಹುಟ್ಟಿದ ಮನೆಯಲ್ಲಿ ಅವಳು ಅತಿಥಿಯಾಗಿರಲಿಲ್ಲ. ಅವಳಿಂದಲೇ ಆ ಮನೆ ಮುಂದುವರಿಯಬೇಕಿತ್ತು. ಕುಟುಂಬದಲ್ಲಿ ಹೆಣ್ಣುಮಕ್ಕಳಿಲ್ಲದಿರುವುದೆಂದರೆ ಸಂತತಿಯೇ ನಿಂತಂತೆ.

ವಿವಾಹಾನಂತರ ಹೆಣ್ಣು ಸಾಮಾನ್ಯವಾಗಿ ಗಂಡನ ಮನೆಯಲ್ಲಿ ವಾಸಿಸುತ್ತಿದ್ದಳು. ಆ ಮನೆಯಾದರೋ ಗಂಡನ ತಾಯಿಯ ಕುಟುಂಬಕ್ಕೆ ಸೇರಿದ್ದು. ಅಲ್ಲಿ ಅವಳಿಗಾಗಲಿ ಅವಳ ಮಕ್ಕಳಿಗಾಗಲಿ ಪಾಲಿರಲಿಲ್ಲ. ಮಕ್ಕಳು ತಂದೆಯ ಮನೆಯಲ್ಲಿ ಬೆಳೆದರೂ ಅವರ ಹಕ್ಕಿನ ಮನೆ ತಾಯಿಯ ತವರು. ಗಂಡ ತೀರಿಕೊಂಡ ಬಳಿಕ ಮಕ್ಕಳೊಡನೆ ತವರಿಗೆ ಮರಳುವುದು ಸಹಜ ಕ್ರಮವಾಗಿತ್ತು. ಹೀಗೆ ಪ್ರತಿಯೊಬ್ಬ ಹೆಣ್ಣಿನ ಬದುಕೂ ವಾಸದ ಮನೆ ಮತ್ತು ಹಕ್ಕಿನ ಮನೆ ಎಂಬ ಎರಡು ನೆಲೆಗಳ ನಡುವೆ ಹಂಚಿಹೋಗಿತ್ತು. ಸೋದರಿಕೆಯ ಮದುವೆಗಳು ಈ ಅಂತರವನ್ನು ಕಿರಿದುಗೊಳಿಸುವ ಒಂದು ಉಪಾಯ. ಯಜಮಾನನು ತನ್ನ ಮಗಳನ್ನು ಸೋದರಿಯ ಮಗನಿಗೆ, ಅಂದರೆ ತನ್ನ ಉತ್ತರಾಧಿಕಾರಿಗೆ ಕೊಟ್ಟರೆ, ತಾನು ನೋಡಿಕೊಂಡ ಮನೆಯಲ್ಲಿಯೇ ಮಗಳೂ ಬಾಳುತ್ತಾಳೆ. ಪಿತೃವಾತ್ಸಲ್ಯಕ್ಕೂ ಕಟ್ಟಳೆಗೂ ಇದರಿಂದ ಒಂದು ಹೊಂದಾಣಿಕೆ ಏರ್ಪಡುತ್ತಿತ್ತು.

ಗುತ್ತುಮನೆಯ ಒಳಾಂಗಣ

ಗುತ್ತು, ಬೀಡು, ಬರ್ಕೆ ಎಂಬ ಹೆಸರುಗಳಿಂದ ಕರೆಯಲ್ಪಡುವ ಹಿರಿಯ ಮನೆಗಳ ವಾಸ್ತುವಿನಲ್ಲಿ ಕುಟುಂಬದ ರಚನೆ ಪ್ರತಿಬಿಂಬಿತವಾಗಿದೆ. ಮುಂಭಾಗದ ಚಾವಡಿಯು ಕೆತ್ತನೆಯ ಮರದ ಕಂಬಗಳಿಂದ ಕೂಡಿದ್ದು, ಯಜಮಾನನು ಊರಿನ ನ್ಯಾಯ, ಗೇಣಿಯ ಲೆಕ್ಕ, ದೈವಕಾರ್ಯದ ಮಾತುಕತೆಗಳನ್ನು ನಡೆಸುವ ಸ್ಥಳ. ಕುಟುಂಬದ ದೈವದ ಉಯ್ಯಾಲೆ ಮಂಚವೂ ಅಲ್ಲಿರುವುದುಂಟು. ಒಳಮನೆ, ಅಡುಗೆಮನೆ ಮತ್ತು ಉಗ್ರಾಣಗಳು ಹೆಂಗಸರ ಆಡಳಿತಕ್ಕೆ ಒಳಪಟ್ಟವು. ಬತ್ತವನ್ನು ತುಂಬಿಡುವ ಮರದ ಪತ್ತಾಯ, ಬೆಲೆಬಾಳುವ ವಸ್ತುಗಳನ್ನಿಡುವ ಕಲೆಂಬಿ, ಬೈಹುಲ್ಲಿನ ಹಗ್ಗದಿಂದ ಬಿಗಿದು ಕಟ್ಟಿದ ಅಕ್ಕಿಮುಡಿಗಳು ಉಗ್ರಾಣದ ಸಂಪತ್ತು. ಹದಿನಾಲ್ಕು ಸೇರಿಗೆ ಒಂದು ಕಳಸಿಗೆ, ಮೂರು ಕಳಸಿಗೆಗೆ ಒಂದು ಮುಡಿ ಎಂಬುದು ಇಲ್ಲಿನ ಅಳತೆ. ಗೇಣಿ, ಕೂಲಿ, ದೈವದ ವಂತಿಗೆ ಎಲ್ಲವೂ ಮುಡಿಯ ಲೆಕ್ಕದಲ್ಲಿಯೇ ನಡೆಯುತ್ತಿದ್ದುದರಿಂದ, ಉಗ್ರಾಣದ ಬೀಗದ ಕೈ ಯಾರ ಸೊಂಟದಲ್ಲಿದೆಯೆಂಬುದು ಸಣ್ಣ ವಿಷಯವಾಗಿರಲಿಲ್ಲ.

ಆ ಬೀಗದ ಕೈ ಬಹುಪಾಲು ಕುಟುಂಬದ ಹಿರಿಯ ಹೆಣ್ಣಿನಲ್ಲಿರುತ್ತಿತ್ತು. ಅದೇ ಮನೆಯಲ್ಲಿ ವಾಸಿಸುವ ಯಜಮಾನನ ಮಡದಿಯು ಒಲೆಯ ಮುಂದೆ ದುಡಿದರೂ ಹಕ್ಕಿನ ದೃಷ್ಟಿಯಿಂದ ಹೊರಗಿನವಳು. ಅತ್ತಿಗೆ ನಾದಿನಿಯರ ಸಂಬಂಧದಲ್ಲಿ ಕಾಣುವ ಬಿಗುವಿಗೆ ಇಲ್ಲಿ ಸ್ವಭಾವದ ಕಾರಣಗಳಿಗಿಂತ ವ್ಯವಸ್ಥೆಯ ಕಾರಣವೇ ದೊಡ್ಡದು. ತನ್ನ ಗಂಡನ ಮನೆಯಲ್ಲಿ ಹೊರಗಿನವಳಾದವಳು ತನ್ನ ತವರಿನಲ್ಲಿ ಇನ್ನೊಬ್ಬಳ ಪಾಲಿಗೆ ಒಡತಿಯಾಗಿರುತ್ತಿದ್ದಳೆಂಬುದನ್ನು ಮರೆಯುವಂತಿಲ್ಲ.

ಈ ಮನೆಗಳ ಸಮೃದ್ಧಿಗೆ ಆಧಾರವಾದ ದುಡಿಮೆ ಕುಟುಂಬದ ಹೊರಗಿನದು. ಚಾಲಗೇಣಿಯ ಒಕ್ಕಲುಗಳು, ಗದ್ದೆಗೆ ಸೇರಿದವರೆಂದೇ ಪರಿಗಣಿತರಾಗಿದ್ದ ಮೂಲದ ಆಳುಗಳು ಬೆಳೆದ ಬತ್ತವೇ ಪತ್ತಾಯವನ್ನು ತುಂಬಿದುದು. ಕಂಪನಿ ಸರಕಾರದ 1843ರ ಕಾಯಿದೆ ಗುಲಾಮಗಿರಿಗೆ ಕಾನೂನಿನ ಮಾನ್ಯತೆಯನ್ನು ತೆಗೆದುಹಾಕಿದರೂ ಈ ಆಳುಗಳ ಅಧೀನತೆ ಕೂಡಲೇ ಅಳಿಯಲಿಲ್ಲ. ಅವರು ಚಾವಡಿಯನ್ನು ಏರುವಂತಿರಲಿಲ್ಲ. ದಿನದ ಪಡಿಯನ್ನು ಅಂಗಳದಲ್ಲಿಯೇ ಪಡೆಯಬೇಕಿತ್ತು. ಗುತ್ತುಮನೆಯ ಸಂಪ್ರದಾಯಗಳನ್ನು ವಿವರಿಸುವಾಗ ಅಂಗಳದ ಈ ಗೆರೆಯನ್ನೂ ದಾಖಲಿಸುವುದು ಚರಿತ್ರೆಯ ಕರ್ತವ್ಯ.

ವರ್ಷಾವಧಿ ಆಚರಣೆಗಳು

ತುಳುವರ ಸೌರಮಾನ ವರ್ಷವು ಪಗ್ಗು ತಿಂಗಳ ಮೊದಲ ದಿನ, ಏಪ್ರಿಲ್ ನಡುವಿನಲ್ಲಿ ಬರುವ ಬಿಸುವಿನಿಂದ ಆರಂಭವಾಗುತ್ತದೆ. ದೇವರ ಮುಂದೆ ಅಕ್ಕಿ, ತೆಂಗಿನಕಾಯಿ, ಫಲವಸ್ತು, ಕನ್ನಡಿ, ಚಿನ್ನಗಳನ್ನಿಟ್ಟು ಬೆಳಗ್ಗೆ ಎದ್ದೊಡನೆ ಕಣಿ ಕಾಣುವುದು, ಕಿರಿಯರು ಹಿರಿಯರ ಕಾಲಿಗೆರಗುವುದು ಈ ದಿನದ ಕ್ರಮ. ಒಕ್ಕಲುಗಳು ತರಕಾರಿ, ವೀಳ್ಯದೆಲೆಗಳ ಕಾಣಿಕೆಯೊಡನೆ ಧಣಿಯ ಮನೆಗೆ ಬರುತ್ತಿದ್ದರು. ಗೇಣಿಯ ಮಾತು ಹೊಸದಾಗುತ್ತಿದ್ದುದೂ ಆಗಲೇ. ಹಬ್ಬವೂ ಲೆಕ್ಕಪತ್ರವೂ ಇಲ್ಲಿ ಬೇರೆಯಾಗಿರಲಿಲ್ಲ.

ಎರಡು ಮನೆಗಳ ಸಂಬಂಧವನ್ನು ಸ್ಪಷ್ಟವಾಗಿ ತೋರಿಸುವುದು ಆಟಿ ತಿಂಗಳು. ಜುಲೈ ಮಧ್ಯದಿಂದ ಆಗಸ್ಟ್ ಮಧ್ಯದವರೆಗಿನ ಈ ಕಾಲದಲ್ಲಿ ನಾಟಿಯ ಕೆಲಸ ಮುಗಿದಿರುತ್ತದೆ, ಮಳೆ ಬಿಡದೆ ಸುರಿಯುತ್ತಿರುತ್ತದೆ, ಹಳೆಯ ದಾಸ್ತಾನು ಕರಗುತ್ತಿರುತ್ತದೆ. ತಜಂಕಿನ ಸೊಪ್ಪು, ಕೆಸುವಿನ ಎಲೆಯ ಪತ್ರೊಡೆ, ಕಣಿಲೆ, ಉಪ್ಪಿನಲ್ಲಿಟ್ಟ ಹಲಸಿನ ಸೊಳೆ, ಹಲಸಿನ ಬೀಜಗಳು ಆಗಿನ ಆಹಾರ. ಆಟಿ ಅಮಾವಾಸ್ಯೆಯ ನಸುಕಿನಲ್ಲಿ ಪಾಲೆಮರದ ಕೆತ್ತೆಯನ್ನು ಲೋಹ ತಾಗಿಸದೆ ಕಲ್ಲಿನಿಂದ ಜಜ್ಜಿ ತಂದು, ಅದರ ಕಷಾಯವನ್ನು ಬರಿಹೊಟ್ಟೆಯಲ್ಲಿ ಕುಡಿಯುವುದು ರೂಢಿ. ಈ ತಿಂಗಳಲ್ಲಿ ಹೊಸದಾಗಿ ಮದುವೆಯಾದವಳನ್ನು ತವರಿಗೆ ಕರೆತರಲಾಗುತ್ತದೆ. ಇದಕ್ಕೆ ಆಟಿ ಕುಳ್ಳಿರುವುದೆಂದು ಹೆಸರು. ಬೇರೆ ಪ್ರದೇಶಗಳ ಆಷಾಢಮಾಸದ ರೂಢಿಯನ್ನು ಇದು ಹೋಲುತ್ತದೆ. ಆದರೆ ಅಳಿಯಸಂತಾನದ ಹಿನ್ನೆಲೆಯಲ್ಲಿ ಇದರ ಅರ್ಥ ಇನ್ನೂ ಆಳವಾದುದು. ಹೆಣ್ಣು ಇಲ್ಲಿ ನಂಟಸ್ತಿಕೆಗೆ ಬರುವುದಿಲ್ಲ, ತನ್ನ ಹಕ್ಕಿನ ಮನೆಗೆ ಮರಳುತ್ತಾಳೆ. ವರ್ಷದಲ್ಲಿ ಅತ್ಯಂತ ಕೊರತೆಯ ತಿಂಗಳಲ್ಲಿ ಅವಳಿಗೆ ಅನ್ನವಿಡುವ ಹೊಣೆ ಆ ಮನೆಯದೆಂಬುದನ್ನು ಆಚರಣೆಯು ವರ್ಷವರ್ಷವೂ ನೆನಪಿಸುತ್ತದೆ.

ಆಟಿಯ ಬಳಿಕ ಸೋಣ ತಿಂಗಳಲ್ಲಿ ಹೆಂಗಸರು ಪ್ರತಿದಿನ ಹೊಸ್ತಿಲಿಗೆ ಹೂವಿಟ್ಟು ಪೂಜಿಸುತ್ತಾರೆ. ಪೈರು ತೆನೆಯಾದಾಗ ಮೊದಲ ತೆನೆಯನ್ನು ಮನೆಗೆ ತಂದು, ಬಾಗಿಲು, ಕಂಬ, ಪತ್ತಾಯ, ಕೃಷಿಯ ಉಪಕರಣಗಳಿಗೆ ಕಟ್ಟುತ್ತಾರೆ. ಅನಂತರ ಬರುವ ಹೊಸ ಅಕ್ಕಿಯ ಊಟಕ್ಕೆ ತುಳುವಿನಲ್ಲಿ ಪುದ್ದಾರ್ ಎನ್ನುತ್ತಾರೆ. ಮನೆಯವರೆಲ್ಲ ಒಂದೇ ಪಂಕ್ತಿಯಲ್ಲಿ ಕುಳಿತು ಕಿರಿಯರು ಹಿರಿಯರ ಅನುಮತಿ ಬೇಡಿ ಹೊಸ ಅನ್ನವನ್ನು ಉಣ್ಣುವ ಈ ಸಂದರ್ಭ ಕುಟುಂಬದ ಒಗ್ಗಟ್ಟಿನ ಪ್ರಕಟರೂಪ. ದೀಪಾವಳಿಯ ಪರ್ಬದಲ್ಲಿ ತೀರಿಕೊಂಡವರಿಗೆ ಎಡೆಯಿಡುವುದು, ಬಲೀಂದ್ರನನ್ನು ಕೂಗಿ ಕರೆಯುವುದು ನಡೆಯುತ್ತದೆ. ಫೆಬ್ರವರಿಯ ಕೆಡ್ಡಸದ ಮೂರು ದಿನ ಭೂಮಿದೇವಿಯು ರಜಸ್ವಲೆಯಾಗಿರುವಳೆಂಬ ನಂಬಿಕೆಯಿಂದ ನೆಲವನ್ನು ಉಳುವುದಿಲ್ಲ, ಅಗೆಯುವುದಿಲ್ಲ. ಕೊನೆಯ ದಿನ ಹೆಂಗಸರು ನೆಲಕ್ಕೆ ಎಣ್ಣೆ, ಅರಸಿನ, ಸೀಗೆಗಳನ್ನು ಅರ್ಪಿಸುತ್ತಾರೆ. ಹುರಿದ ಅಕ್ಕಿಯ ಹುಡಿಗೆ ಬೆಲ್ಲ, ತೆಂಗಿನಕಾಯಿ ಬೆರೆಸಿದ ನನ್ನೆರಿ ಆ ದಿನದ ತಿನಿಸು. ಹೆಣ್ಣಿನ ದೇಹದ ನಿಯಮವನ್ನೇ ಭೂಮಿಗೂ ಅನ್ವಯಿಸುವ ಈ ಕಲ್ಪನೆ, ಮನೆತನ ಹೆಣ್ಣಿನಿಂದ ಬೆಳೆಯುತ್ತದೆಂದು ನಂಬಿದ ಸಮಾಜದಲ್ಲಿ ವಿಶೇಷ ಔಚಿತ್ಯವನ್ನು ಪಡೆಯುತ್ತದೆ.

ಕುಟುಂಬವನ್ನು ಒಂದುಗೂಡಿಸುವಲ್ಲಿ ದೈವಾರಾಧನೆಯ ಪಾತ್ರ ಎಲ್ಲಕ್ಕಿಂತ ಮಿಗಿಲು. ಪಂಜುರ್ಲಿ, ಕಲ್ಲುರ್ಟಿ, ಜುಮಾದಿ ಮೊದಲಾದ ದೈವಗಳಿಗೆ ಮೂಲಮನೆಯಲ್ಲಿ ಅಗೆಲು, ತಂಬಿಲಗಳನ್ನು ಸಲ್ಲಿಸುವಾಗ ಬೇರೆ ಬೇರೆ ಊರುಗಳಲ್ಲಿ ನೆಲೆಸಿದ ಕುಟುಂಬಿಕರು ಸೇರುತ್ತಾರೆ. ಮದುವೆಯಾಗಿ ಹೋದ ಹೆಣ್ಣುಮಕ್ಕಳೂ ಅವರ ಮಕ್ಕಳೂ ಇಲ್ಲಿ ಕುಟುಂಬದ ಸದಸ್ಯರಾಗಿಯೇ ಪ್ರಸಾದ ಪಡೆಯುತ್ತಾರೆ.

ಪಾಡ್ದನದ ಸಾಕ್ಷ್ಯ

ನಿತ್ಯಜೀವನದ ಈ ಒಳತೋಟಿಯನ್ನು ತಿಳಿಯಲು ಪಾಡ್ದನಗಳು ಮಹತ್ವದ ಆಕರಗಳು. ಅವುಗಳಲ್ಲಿ ಸಿರಿಯ ಪಾಡ್ದನ ಮುಖ್ಯವಾದುದು. ಗೋಪಾಲ ನಾಯ್ಕರು ಹಾಡಿದ, 15,683 ಸಾಲುಗಳ ಈ ಮಹಾಕಾವ್ಯದ ಪಾಠವನ್ನು ಫಿನ್ಲೆಂಡಿನ ಜಾನಪದ ವಿದ್ವಾಂಸ ಲೌರಿ ಹೊಂಕೊ ಅವರು ಬಿ. ಎ. ವಿವೇಕ ರೈ, ಕೆ. ಚಿನ್ನಪ್ಪ ಗೌಡ ಮೊದಲಾದವರ ಸಹಯೋಗದಲ್ಲಿ 1998ರಲ್ಲಿ ಪ್ರಕಟಿಸಿದರು. ಸತ್ಯನಾಪುರದ ಅಜ್ಜನ ಮನೆಯಲ್ಲಿ ಬೆಳೆದ ಸಿರಿ ಬಸರೂರಿನ ಕಾಂತು ಪೂಂಜನನ್ನು ಮದುವೆಯಾಗುತ್ತಾಳೆ. ಬಸುರಿಯ ಬಯಕೆಗೆಂದು ತಂದ ಸೀರೆಯನ್ನು ಗಂಡನು ಮೊದಲು ಸೂಳೆಗೆ ಉಡಿಸಿದನೆಂದು ತಿಳಿದಾಗ ಅವಳು ಅದನ್ನು ನಿರಾಕರಿಸುತ್ತಾಳೆ. ತವರಿನಲ್ಲಿ ಮಗ ಕುಮಾರ ಹುಟ್ಟುತ್ತಾನೆ. ಅಜ್ಜನ ಮರಣಾನಂತರ ಸತ್ಯನಾಪುರದ ಒಡೆತನ ವ್ಯಾಜ್ಯಕ್ಕೀಡಾಗುತ್ತದೆ. ಕೊನೆಗೆ ಸಿರಿ ಗಂಡನಿಗೆ ಬರ ಹೇಳಿ ಸಂಬಂಧವನ್ನು ಮುರಿದುಕೊಳ್ಳುತ್ತಾಳೆ. ಮುಂದೆ ಕೊಡ್ಸರ ಆಳ್ವನನ್ನು ವರಿಸುತ್ತಾಳೆ.

ಹೆಣ್ಣು ತಾನಾಗಿಯೇ ವಿಚ್ಛೇದನ ನೀಡುವುದು, ಮರುಮದುವೆಯಾಗುವುದು ಈ ಕಥನದಲ್ಲಿ ಅಪರಾಧವೆನಿಸುವುದಿಲ್ಲ. ಅವಳ ಧೈರ್ಯಕ್ಕೆ ಹಕ್ಕಿನ ಮನೆಯೇ ಆಧಾರ. ಆದರೆ ಆ ಮನೆಯ ಒಡೆತನವೇ ವಿವಾದಕ್ಕೆ ಸಿಲುಕಿದಾಗ ಅವಳ ನೆಲೆಯೂ ಅಲುಗಾಡುತ್ತದೆ. ಕಟ್ಟಳೆ ಹೆಣ್ಣಿನ ಪರವಾಗಿದ್ದರೂ ನ್ಯಾಯ ಹೇಳುವವರು ಗಂಡಸರು ಎಂಬ ವಾಸ್ತವವನ್ನು ಪಾಡ್ದನವು ನಿಷ್ಠುರವಾಗಿ ಮುಂದಿಡುತ್ತದೆ.

ನ್ಯಾಯಾಲಯದ ಕಣ್ಣಿನಲ್ಲಿ ಕುಟುಂಬ

ಬ್ರಿಟಿಷ್ ನ್ಯಾಯಾಲಯಗಳು ರೂಢಿಯನ್ನು ಕಾನೂನಾಗಿ ಗಟ್ಟಿಗೊಳಿಸಿದವು. 1862ರಲ್ಲಿ ಉತ್ತರ ಕೆನರಾ ಬೊಂಬಾಯಿ ಪ್ರಾಂತಕ್ಕೆ ಸೇರಿ, ದಕ್ಷಿಣ ಕೆನರಾ ಮದರಾಸಿನಲ್ಲಿಯೇ ಉಳಿಯಿತು. 1863ರ ಮುಂಡ ಚೆಟ್ಟಿ ಮತ್ತು ತಿಮ್ಮಜು ಹೆಂಗ್ಸು ಮೊಕದ್ದಮೆಯಲ್ಲಿ ಮದರಾಸು ಉಚ್ಚ ನ್ಯಾಯಾಲಯವು ಅಳಿಯಸಂತಾನ ಕುಟುಂಬದ ಆಸ್ತಿಯನ್ನು ಒಬ್ಬ ಸದಸ್ಯನ ಒತ್ತಾಯದಿಂದ ಪಾಲು ಮಾಡಲಾಗದೆಂದು ನಿರ್ಣಯಿಸಿತು. ಎಲ್ಲರೂ ಒಪ್ಪಿದರೆ ಮಾತ್ರ ಪಾಲು. ಇದರಿಂದ ಭೂಮಿಯು ಚೂರಾಗದೆ ಉಳಿಯಿತು. ಆದರೆ ಸದಸ್ಯರ ಸಂಖ್ಯೆ ಬೆಳೆದಂತೆ ಯಜಮಾನನ ಮೇಲಣ ದೂರುಗಳೂ ಬೆಳೆದವು. ಕುಟುಂಬ ಕರಾರುಗಳ ಮೂಲಕ ಕವರುಗಳು ಭೂಮಿಯನ್ನು ಪ್ರತ್ಯೇಕವಾಗಿ ಅನುಭವಿಸುವ ಏರ್ಪಾಡು ರೂಢಿಗೆ ಬಂದಿತು.

ದಾಂಪತ್ಯದ ವಿಷಯದಲ್ಲಿ ನ್ಯಾಯಾಲಯಗಳ ನಿಲುವು ಇನ್ನೂ ಕಠಿಣವಾಗಿತ್ತು. ಹೆಂಡತಿ ಮಕ್ಕಳಿಗೆ ಗಂಡನ ಆಸ್ತಿಯಲ್ಲಿ ಹಕ್ಕಿಲ್ಲದ, ಸುಲಭವಾಗಿ ಬಿಡಬಹುದಾದ ಈ ಸಂಬಂಧವನ್ನು ಕಾನೂನಿನ ವಿವಾಹವೆಂದು ಒಪ್ಪಲು ಅವು ಹಿಂಜರಿದವು. ಊರು ಕರೆದು, ಧಾರೆಯೆರೆದು ನಡೆಸಿದ ಮದುವೆಗೆ ಕಚೇರಿಯಲ್ಲಿ ಬೆಲೆಯಿಲ್ಲವಾಯಿತು. ವಿದ್ಯಾವಂತ ತಲೆಮಾರಿಗೆ ಇದು ಅವಮಾನವೆನಿಸಿತು. ವಕೀಲಿ, ಸರಕಾರಿ ನೌಕರಿ, ದೂರದ ನಗರಗಳ ವ್ಯಾಪಾರಗಳಿಂದ ಸ್ವಂತ ಸಂಪಾದನೆ ಬೆಳೆದಾಗ, ಅದು ತನ್ನ ಮಕ್ಕಳಿಗೆ ಸಲ್ಲದೆ ತಾಯಿಯ ಕುಟುಂಬಕ್ಕೆ ಸೇರುವುದನ್ನು ತಂದೆಯಾದವನು ಒಪ್ಪದಾದನು.

ಶಾಸನಗಳು ಮತ್ತು ಸ್ಥಿತ್ಯಂತರ

ಮಲಬಾರಿನ ಮರುಮಕ್ಕತ್ತಾಯಂ ಕುಟುಂಬಗಳಿಗೆ 1933ರಲ್ಲಿಯೇ ಸುಧಾರಣೆಯ ಕಾಯಿದೆ ಬಂದಿದ್ದರೂ ತುಳುನಾಡು 1949ರವರೆಗೆ ಕಾಯಬೇಕಾಯಿತು. ಆ ವರ್ಷದ ಮದರಾಸು ಅಳಿಯಸಂತಾನ ಕಾಯಿದೆಯು ವಿವಾಹಕ್ಕೆ ಕಾನೂನಿನ ಮಾನ್ಯತೆಯನ್ನು ನೀಡಿತು. ಹೆಂಡತಿ ಮಕ್ಕಳಿಗೆ ಜೀವನಾಂಶದ ಹಾಗೂ ಸ್ವಯಾರ್ಜಿತ ಆಸ್ತಿಯಲ್ಲಿ ವಾರಸಿಕೆಯ ಹಕ್ಕನ್ನು ಕೊಟ್ಟಿತು. ಕವರುಗಳು ಪಾಲು ಕೇಳುವ ಅವಕಾಶವನ್ನು ಕಲ್ಪಿಸಿತು. ಐವತ್ತು ವರ್ಷ ತುಂಬದ ಒಬ್ಬ ಹೆಣ್ಣಾದರೂ ಇರುವ ಶಾಖೆ ಸಂತತಿ ಕವರು. ಅಂಥವಳಿಲ್ಲದ್ದು ನಿಸ್ಸಂತತಿ ಕವರು. ಕುಟುಂಬದಲ್ಲಿ ಸಂತತಿ ಕವರು ಇರುವಾಗ ನಿಸ್ಸಂತತಿ ಕವರಿಗೆ ದೊರೆಯುವ ಪಾಲು ಜೀವಿತಾವಧಿಯ ಅನುಭೋಗಕ್ಕೆ ಮಾತ್ರ. ಪಾಲಿಗೆ ಬಾಗಿಲು ತೆರೆದರೂ ಭೂಮಿಯು ಹೆಣ್ಣಿನ ಸಂತತಿಯಲ್ಲಿಯೇ ಉಳಿಯಬೇಕೆಂಬ ಹಳೆಯ ತತ್ವವನ್ನು ಈ ಕಾಯಿದೆ ಕೈಬಿಟ್ಟಿರಲಿಲ್ಲ.

1956ರ ಹಿಂದೂ ಉತ್ತರಾಧಿಕಾರ ಕಾಯಿದೆ ಆ ತತ್ವವನ್ನು ಕೊನೆಗೊಳಿಸಿತು. ಅದರ 7ನೆಯ ಪ್ರಕರಣದ ಪ್ರಕಾರ, ಅವಿಭಕ್ತ ಕುಟುಂಬದ ಸದಸ್ಯನು ತೀರಿಕೊಂಡಾಗ ಅವನ ಹಿತಾಸಕ್ತಿಯು ಅಳಿಯಸಂತಾನದಂತೆ ಹೋಗದೆ ಈ ಕಾಯಿದೆಯ ವಾರಸುದಾರರಿಗೆ ಸಲ್ಲತೊಡಗಿತು. ಹಳೆಯ ಜೀವಿತಾವಧಿಯ ಪಾಲು ಮತ್ತು ಹೊಸ ಪೂರ್ಣ ಹಕ್ಕುಗಳ ನಡುವಣ ತೊಡಕುಗಳು 1973 ಮತ್ತು 1979ರಲ್ಲಿ ಸರ್ವೋಚ್ಚ ನ್ಯಾಯಾಲಯದವರೆಗೂ ಹೋದವು. 1956ರ ನವೆಂಬರ್ 1ರಂದು ನಡೆದ ರಾಜ್ಯ ಪುನರ್ವಿಂಗಡಣೆಯಲ್ಲಿ ಕಾಸರಗೋಡು ಕೇರಳಕ್ಕೆ ಸೇರಿತು. ಕೇರಳದ 1975ರ ಕಾಯಿದೆ ಅವಿಭಕ್ತ ಕುಟುಂಬ ಪದ್ಧತಿಯನ್ನೇ ರದ್ದುಗೊಳಿಸಿದ್ದರಿಂದ, ಗಡಿಯ ಎರಡು ಕಡೆಗಳಲ್ಲಿ ಹಂಚಿಹೋದ ಕುಟುಂಬಗಳಿಗೆ ಬೇರೆ ಬೇರೆ ಕಾನೂನುಗಳು ಅನ್ವಯವಾದವು.

ಇದೇ ಅವಧಿಯಲ್ಲಿ, 1974ರ ಮಾರ್ಚ್ 1ರಿಂದ ಜಾರಿಗೆ ಬಂದ ಕರ್ನಾಟಕದ ಭೂಸುಧಾರಣೆಯಿಂದ ಗೇಣಿಯ ಜಮೀನುಗಳು ಉಳುವವರ ಪಾಲಾದವು. ಅನೇಕ ತಲೆಮಾರುಗಳ ದುಡಿಮೆಗೆ ಭೂಮಿಯ ಒಡೆತನ ದೊರೆತದ್ದು ಈ ಜಿಲ್ಲೆಯ ಚರಿತ್ರೆಯ ಮಹತ್ವದ ಘಟನೆ. ಗುತ್ತುಮನೆಗಳಿಗಾದರೋ ಉಗ್ರಾಣ ತುಂಬುವ ಮೂಲವೇ ಬತ್ತಿತು. ಭೂಮಿಯಿಲ್ಲದ ಮೇಲೆ ಯಜಮಾನಿಕೆಯ ಅರ್ಥವೂ ಬದಲಾಯಿತು. ಮುಂಬಯಿ, ಬೆಂಗಳೂರುಗಳ ಹೋಟೆಲು, ಬ್ಯಾಂಕುಗಳ ಕಡೆಗೆ ಹೋದವರು ಗಂಡ, ಹೆಂಡತಿ, ಮಕ್ಕಳ ಸಣ್ಣ ಸಂಸಾರಗಳನ್ನು ಕಟ್ಟಿಕೊಂಡರು.

ಸಮಾರೋಪ

ಮೇಲಿನ ವಿವೇಚನೆಯಿಂದ ಕೆಲವು ಅಂಶಗಳು ಸ್ಪಷ್ಟವಾಗುತ್ತವೆ. ಅಳಿಯಸಂತಾನದ ಕುಟುಂಬವು ಒಂದೇ ಸೂರಿನಡಿ ವಾಸಿಸುವವರ ಗುಂಪಾಗಿರಲಿಲ್ಲ. ಹಲವು ಸೂರುಗಳಡಿ ಹರಡಿಕೊಂಡವರನ್ನು ಒಂದು ಹಕ್ಕಿನ ಮನೆಗೆ ಬಂಧಿಸುವ ವ್ಯವಸ್ಥೆಯಾಗಿತ್ತು. ಆಟಿ, ಪುದ್ದಾರ್, ಅಗೆಲು, ತಂಬಿಲಗಳು ಆ ಬಂಧವನ್ನು ವರ್ಷಂಪ್ರತಿ ನವೀಕರಿಸುವ ಸಾಧನಗಳಾಗಿದ್ದವು. ಹೊಸ ಕಾನೂನುಗಳು ಹೆಂಡತಿಗೆ ಗಂಡನ ಮನೆಯಲ್ಲಿ, ಮಕ್ಕಳಿಗೆ ತಂದೆಯ ಆಸ್ತಿಯಲ್ಲಿ ಹಿಂದೆಂದೂ ಇಲ್ಲದ ಹಕ್ಕನ್ನು ತಂದುಕೊಟ್ಟವು. ಅದೇ ವೇಳೆಗೆ ಹುಟ್ಟಿದ ಮನೆಯಲ್ಲಿ ಹೆಣ್ಣಿಗಿದ್ದ ಪ್ರಾಧಾನ್ಯವು ಇತರ ವಾರಸುದಾರರೊಡನೆ ಸಮಪಾಲಿನ ಮಟ್ಟಕ್ಕೆ ಇಳಿಯಿತು. ಮಿತಾಕ್ಷರ ಕುಟುಂಬದ ಮಗಳಿಗೆ ಹುಟ್ಟಿನಿಂದ ಬರುವ ಹಕ್ಕನ್ನು ದೇಶವು 2005ರ ತಿದ್ದುಪಡಿಯಿಂದ ಕೊಟ್ಟಿತು. ತುಳುನಾಡಿನ ಹೆಣ್ಣು ಅಂಥದೊಂದು ಹಕ್ಕನ್ನು ರೂಢಿಯಿಂದಲೇ ಪಡೆದಿದ್ದಳು. ಈ ಬದಲಾವಣೆಯ ಲಾಭ ನಷ್ಟಗಳನ್ನು ಒಂದೇ ಮಾತಿನಲ್ಲಿ ತೂಗಲಾಗದು.

ಆಸ್ತಿ ಹಂಚಿಹೋದ ಮೇಲೂ ಬಳಿ ತಾಯಿಯದಾಗಿಯೇ ಉಳಿದಿದೆ. ಮೂಲಮನೆಗಳ ಜೀರ್ಣೋದ್ಧಾರ ನಡೆಸಿ ದೈವಕಾರ್ಯಕ್ಕೆ ಕೂಡುವ ಕುಟುಂಬಗಳೂ ಇವೆ. ಪಾಲಿನ ಸಂಬಂಧ ಕಡಿದಲ್ಲಿಯೂ ಪ್ರಸಾದದ ಸಂಬಂಧ ಉಳಿದಿರುವುದು ಈ ಪದ್ಧತಿಯ ಬೇರು ಆಸ್ತಿಗಿಂತ ಆಳದಲ್ಲಿತ್ತೆಂಬುದನ್ನು ಸೂಚಿಸುತ್ತದೆ. ಇಂತಹ ಮನೆಗಳ ಕಲೆಂಬಿಗಳಲ್ಲಿ ಉಳಿದಿರುವ ಕರಾರುಪತ್ರಗಳು, ಗೇಣಿಚೀಟುಗಳು, ಮನೆವಾರ್ತೆಯ ಲೆಕ್ಕದ ಪುಸ್ತಕಗಳು ಗೆದ್ದಲು ಮತ್ತು ತೇವಕ್ಕೆ ತುತ್ತಾಗುವ ಮೊದಲು ಸಂಗ್ರಹವಾಗಬೇಕಾಗಿದೆ. ಹಿರಿಯ ಹೆಂಗಸರ ನೆನಪುಗಳ ದಾಖಲೆಯೂ ಅಷ್ಟೇ ತುರ್ತಿನದು. ನ್ಯಾಯಾಲಯದ ತೀರ್ಪುಗಳಲ್ಲಿ ಯಜಮಾನರ ಮಾತು ಉಳಿದಿದೆ. ಉಗ್ರಾಣದ ಬೀಗದ ಕೈ ಹಿಡಿದಿದ್ದವರ ಮಾತು ಇನ್ನೂ ಚರಿತ್ರೆಯ ಪುಟಗಳಿಗೆ ಬರಬೇಕಾಗಿದೆ.